ಹಳೇ ಆಪರೇಟರ್ ಕಣ್ಣಲ್ಲಿ ಬ್ರಿಟಿಷ್ ಪಾಥೆ ಚಾನೆಲ್: ಮೂಕಿ ಕಾಲದ ನ್ಯೂಸ್ ರೀಲು ನೋಡುವುದು ಹೇಗೆ

ಯೂಟ್ಯೂಬ್‌ನಲ್ಲಿ ಬ್ರಿಟಿಷ್ ಪಾಥೆ ಅಂತ ಒಂದು ಚಾನೆಲ್ ಇದೆ. ಹಳೇ ನ್ಯೂಸ್ ರೀಲುಗಳ, ಅಂದರೆ ಟಾಕೀಸಿನಲ್ಲಿ ತೋರಿಸುತ್ತಿದ್ದ ಸುದ್ದಿ ಫಿಲಂಗಳ, ದೊಡ್ಡ ದಾಸ್ತಾನು. 2014ರ ಏಪ್ರಿಲ್‌ನಲ್ಲಿ ಅವರು ತಮ್ಮ ಬಳಿ ಇದ್ದ ಸುಮಾರು 85,000 ಫಿಲಂಗಳನ್ನು ಅಲ್ಲಿ ಹಾಕಿಬಿಟ್ಟರು. 1896ರಿಂದ 1976ರವರೆಗಿನ ಮಾಲು. ನೋಡೋಕೆ ಕಾಸು ಬೇಡ. ನಾನು ಇಲ್ಲಿ ಬರೆಯುತ್ತಿರುವುದು ಅದರಲ್ಲಿರುವ ಮೂಕಿ ತುಣುಕುಗಳ ಬಗ್ಗೆ ಮಾತ್ರ. ಅಂದರೆ ಹೆಚ್ಚುಕಡಿಮೆ 1930ರ ಒಳಗಿನವು. ಮಾತು ಬಂದ ಮೇಲಿನವು ನನಗೆ ಅಷ್ಟು ಹಿಡಿಸಲಿಲ್ಲ. ಹಿಂದಿನಿಂದ ಒಬ್ಬ ವಟವಟ ಅಂತ ಹೇಳುತ್ತಲೇ ಇರುತ್ತಾನೆ, ನಮ್ಮ ಕಣ್ಣಿಗೆ ಕೆಲಸವೇ ಇರಲ್ಲ.

ನನ್ನ ಯೋಗ್ಯತೆ ಏನು ಅಂತ ಕೇಳಿದರೆ, ಕೋಲಾರ ಜಿಲ್ಲೆಯ ಟೆಂಟು, ಟಾಕೀಸುಗಳಲ್ಲಿ ಪ್ರೊಜೆಕ್ಟರ್ ಓಡಿಸಿದವನು. ಕಾರ್ಬನ್ ಕಡ್ಡಿ ಉರಿಸಿ, ರೀಲು ಸುತ್ತಿ, ಹರಿದ ಫಿಲಂ ಅಂಟಿಸಿ ಹೊಟ್ಟೆ ಹೊರೆದವನು. ಡಿಜಿಟಲ್ ಬಂದ ಮೇಲೆ ಬೂತಿನಲ್ಲಿ ನಮ್ಮಂಥವರಿಗೆ ಕೆಲಸ ಉಳಿಯಲಿಲ್ಲ. ಈಗ ಕೋಲಾರದಲ್ಲೇ ಮನೆ. ಮಗ ಟಿವಿಗೆ ಇಂಟರ್‌ನೆಟ್ ಹಾಕಿಸಿಕೊಟ್ಟಿದ್ದಾನೆ. ಸೀರಿಯಲ್ ಹೊತ್ತು ಬಿಟ್ಟು ಮಿಕ್ಕ ಹೊತ್ತು ರಿಮೋಟ್ ನನ್ನದು.

ನಮ್ಮ ಕಾಲದಲ್ಲಿ ನ್ಯೂಸ್ ರೀಲು ಅಂದರೆ ಫಿಲ್ಮ್ಸ್ ಡಿವಿಷನ್‌ದು. 1948ರಲ್ಲಿ ಶುರುವಾದ ಸರ್ಕಾರಿ ಸಂಸ್ಥೆ. ಅವರ ಚಿತ್ರ ಹಾಕುವುದು ಕಡ್ಡಾಯ, ಅದಕ್ಕೆ ಥಿಯೇಟರಿನವರೇ ಬಾಡಿಗೆ ಬೇರೆ ಕಟ್ಟಬೇಕಿತ್ತು. ಪ್ರವಾಹ, ಅಣೆಕಟ್ಟು, ಮಂತ್ರಿ ರಿಬ್ಬನ್ ಕತ್ತರಿಸೋದು. ಜನ ಆ ಹೊತ್ತಿಗೆ ಬೀಡಿ ಸೇದೋಕೆ, ಕಡ್ಲೆಕಾಯಿ ತರೋಕೆ ಹೊರಗೆ ಹೋಗುತ್ತಿದ್ದರು. ತಡವಾಗಿ ಬರುವವರಿಗೆ ಅದೇ ಅನುಕೂಲ. "ಇನ್ನೂ ನ್ಯೂಸ್ ಓಡ್ತಾ ಇದೆ, ಬನ್ನಿ ಬನ್ನಿ" ಅಂತ ಗೇಟಿನವನು ಕೂಗುತ್ತಿದ್ದ. ಹಾಗಾಗಿ ನ್ಯೂಸ್ ರೀಲು ಅಂದರೆ ನನಗೂ ಅಷ್ಟಕ್ಕಷ್ಟೇ ಇತ್ತು.

ಈ ಪಾಥೆಯವರು ಮೂಲದಲ್ಲಿ ಫ್ರಾನ್ಸಿನವರು. ಚಾರ್ಲ್ಸ್ ಪಾಥೆ ಮತ್ತು ಅವನ ಅಣ್ಣತಮ್ಮಂದಿರು ಕಟ್ಟಿದ ಕಂಪನಿ. ಗುರುತು ಹುಂಜ. ಪ್ಯಾರಿಸ್ಸಿನಲ್ಲಿ 1908ರ ಸುಮಾರಿಗೆ ಸುದ್ದಿಯನ್ನು ಫಿಲಂನಲ್ಲಿ ತೋರಿಸಲು ಶುರು ಮಾಡಿದರು. 1910ರಲ್ಲಿ ಲಂಡನ್ನಿಗೂ ತಂದರು. ಆಮೇಲೆ ಗೋಮಾಂಟ್, ಟಾಪಿಕಲ್ ಬಜೆಟ್ ಅಂತ ಪೈಪೋಟಿಯವರು ಬಂದರು. ವಾರಕ್ಕೆ ಎರಡು ಸಲ ಹೊಸ ರೀಲು. ಒಂದು ರೀಲಿನಲ್ಲಿ ಐದಾರು ಸುದ್ದಿ, ಒಂದೊಂದು ಸುದ್ದಿ ಒಂದು ನಿಮಿಷದ ಆಸುಪಾಸು. ಹೊಸ ರೀಲಿಗೆ ಬಾಡಿಗೆ ಜಾಸ್ತಿ, ಹಳೇದಾದಷ್ಟೂ ಕಮ್ಮಿ. ಸಣ್ಣ ಊರಿನ ಟಾಕೀಸಿಗೆ ಹಳಸಿದ ಸುದ್ದಿಯೇ ಗತಿ. ಇದನ್ನು ಓದಿ ನನಗೆ ಒಳಗೊಳಗೇ ಸಮಾಧಾನ ಆಯಿತು. ಬೆಂಗಳೂರಲ್ಲಿ ಓಡಿ ಗೀಚುಬಿದ್ದ ಪ್ರಿಂಟು ಮಾಲೂರು, ಶ್ರೀನಿವಾಸಪುರಕ್ಕೆ ಬರುತ್ತಿತ್ತಲ್ಲ, ಅಲ್ಲೂ ಅದೇ ಪಾಡು.

ಈಗ ಮುಖ್ಯ ವಿಷಯ. ಈ ಚಾನೆಲ್ ತೆರೆದವರಲ್ಲಿ ಹತ್ತಕ್ಕೆ ಒಂಬತ್ತು ಜನ ಎರಡು ತುಣುಕು ನೋಡಿ ನಕ್ಕು ಮುಚ್ಚಿಬಿಡುತ್ತಾರೆ. ನಮ್ಮ ಮನೆಯಲ್ಲೂ ಅದೇ ಆಯಿತು. "ಆಗಿನವರು ಯಾಕೆ ತಾತ ಹೀಗೆ ಪಟಪಟ ಓಡ್ತಾರೆ?" ಅಂತ ಮೊಮ್ಮಗಳು ಕೇಳಿದಳು. ಅವರು ಓಡುತ್ತಿಲ್ಲ. ನಾವು ಅವರನ್ನು ಓಡಿಸುತ್ತಿದ್ದೇವೆ.

ಲೆಕ್ಕ ಸುಲಭ. 35 ಎಂಎಂ ಫಿಲಂನಲ್ಲಿ ಒಂದು ಅಡಿಗೆ 16 ಫ್ರೇಮು, ಅಂದರೆ 16 ಬಿಡಿ ಚಿತ್ರ. ಆಗಿನ ಕ್ಯಾಮೆರಾಕ್ಕೆ ಮೋಟಾರು ಇರಲಿಲ್ಲ, ಪಕ್ಕದಲ್ಲಿ ಹಿಡಿ. ಒಂದು ಸುತ್ತು ತಿರುಗಿಸಿದರೆ 8 ಫ್ರೇಮು. ಸೆಕೆಂಡಿಗೆ ಎರಡು ಸುತ್ತು ಅನ್ನುವುದು ಅಭ್ಯಾಸ. ಹಾಗಾಗಿ ಸೆಕೆಂಡಿಗೆ 16 ಫ್ರೇಮು, ಒಂದು ಅಡಿ. ಆಮೇಲೆ ಟಾಕಿ ಬಂತು. ಧ್ವನಿ ಒಂದೇ ಸಮ ಬರಬೇಕಾದರೆ ವೇಗವೂ ಒಂದೇ ಸಮ ಇರಬೇಕು, ಅದಕ್ಕೆ 24 ಅಂತ ಗೊತ್ತುಮಾಡಿದರು. 1000 ಅಡಿಯ ರೀಲು ನಮ್ಮ ಮೆಷಿನ್‌ನಲ್ಲಿ 11 ನಿಮಿಷಕ್ಕೆ ಮುಗಿಯುತ್ತಿತ್ತು. ಅದೇ ರೀಲು 16ರ ವೇಗದಲ್ಲಿ 16 ನಿಮಿಷ 40 ಸೆಕೆಂಡು ಓಡುತ್ತದೆ. ಐದೂವರೆ ನಿಮಿಷದ ವ್ಯತ್ಯಾಸ! 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಮಂತ್ರಿಯೂ ಕುಣಿಯುತ್ತಾನೆ, ಹೆಣ ಹೊತ್ತವರೂ ಕುಣಿಯುತ್ತಾರೆ.

ಅದಕ್ಕೆ ಮದ್ದು ಯೂಟ್ಯೂಬ್‌ನಲ್ಲೇ ಇದೆ. ಮೊಬೈಲಿನಲ್ಲಿ ಸೆಟ್ಟಿಂಗ್ಸ್ ಚಕ್ರ ಒತ್ತಿ, ಪ್ಲೇಬ್ಯಾಕ್ ಸ್ಪೀಡ್‌ಗೆ ಹೋಗಿ. 0.75 ಇಟ್ಟರೆ 24 ಫ್ರೇಮು 18ಕ್ಕೆ ಇಳಿಯುತ್ತದೆ. ಕಸ್ಟಮ್ ಒತ್ತಿದರೆ 0.65ಕ್ಕೂ ಇಳಿಸಬಹುದು, ಅದು 16ಕ್ಕೆ ಹತ್ತಿರ. ಆದರೆ ಎಲ್ಲಕ್ಕೂ ಒಂದೇ ಅಳತೆ ಹಾಕಬೇಡಿ. 1920ರ ದಶಕದಲ್ಲಿ ಕ್ಯಾಮೆರಾದವರು ಇನ್ನೂ ಜೋರಾಗಿ ತಿರುಗಿಸುತ್ತಿದ್ದರು, ಅವಕ್ಕೆ 0.85 ಸಾಕಾಗುತ್ತದೆ. ಕೆಲವು ತುಣುಕುಗಳ ವೇಗ ಮೊದಲೇ ಸರಿಯಾಗಿರುತ್ತದೆ, ಅವನ್ನು ಮುಟ್ಟಬೇಡಿ. ಗೊತ್ತಾಗುವುದು ಹೇಗೆ? ಮನುಷ್ಯರ ನಡಿಗೆ ನಂಬಬೇಡಿ, ಒಬ್ಬೊಬ್ಬರದು ಒಂದೊಂದು ಥರ. ಕೆಳಗೆ ಬೀಳುವ ವಸ್ತು ನೋಡಿ. ಎಸೆದ ಟೋಪಿ, ಕೊಡದಿಂದ ಸುರಿಯುವ ನೀರು. ಅವು ಯಾವ ಕಾಲದಲ್ಲೂ ಒಂದೇ ವೇಗ. ಆ ನೀರು ಸರಿಯಾಗಿ ಬಿದ್ದರೆ ಮಿಕ್ಕಿದ್ದೆಲ್ಲ ಸರಿ ಇದೆ ಅಂತಲೇ ಲೆಕ್ಕ.

ಇದು ಬರೀ ಆಪರೇಟರ್ ಹುಚ್ಚು ಅಂದುಕೊಳ್ಳಬೇಡಿ. 1912ರ ಫೆಬ್ರವರಿ 4ರ ತುಣುಕು ಒಂದಿದೆ. ಪ್ಯಾರಿಸ್ಸಿನ ದರ್ಜಿ, ಹೆಸರು ಫ್ರಾನ್ಸ್ ರೈಶೆಲ್ಟ್. ವಿಮಾನ ಹಾರಿಸುವವರಿಗೆ ಅಂತ ಮೈಮೇಲೆ ತೊಟ್ಟುಕೊಳ್ಳುವ ಪ್ಯಾರಾಚೂಟ್ ಹೊಲಿದಿದ್ದ. ಬ್ಲೇರಿಯೋ ಅನ್ನುವ ಫ್ರಾನ್ಸಿನವನು ವಿಮಾನದಲ್ಲಿ ಇಂಗ್ಲಿಷ್ ಕಾಲುವೆ, ಅಂದರೆ ಫ್ರಾನ್ಸಿಗೂ ಇಂಗ್ಲೆಂಡಿಗೂ ನಡುವಿನ ಸಮುದ್ರ, ದಾಟಿ ಆಗ ಮೂರು ವರ್ಷವೂ ತುಂಬಿರಲಿಲ್ಲ. ಹೊಸದು ಕಂಡುಹಿಡಿಯುವ ಹುಚ್ಚು ಊರಿಗೆಲ್ಲ ಹಿಡಿದಿದ್ದ ಕಾಲ. ಐಫೆಲ್ ಗೋಪುರದಿಂದ ಬೊಂಬೆ ಎಸೆದು ನೋಡುತ್ತೇನೆ ಅಂತ ಪೊಲೀಸರಿಂದ ಒಪ್ಪಿಗೆ ಪಡೆದ. ಅಲ್ಲಿ ಹೋದ ಮೇಲೆ ಬೊಂಬೆ ಬೇಡ, ನಾನೇ ಹಾರುತ್ತೇನೆ ಅಂದ. ಗೆಳೆಯರು ಬೇಡ ಅಂದರೂ ಕೇಳಲಿಲ್ಲ. ಮೊದಲ ಅಂತಸ್ತು, ಸುಮಾರು 57 ಮೀಟರ್ ಎತ್ತರ.

ಮಾಮೂಲಿ ವೇಗದಲ್ಲಿ ನೋಡಿದರೆ ಒಬ್ಬ ಪೆದ್ದ ಬಟ್ಟೆ ಗಂಟು ಕಟ್ಟಿಕೊಂಡು ಹತ್ತಿದ, ಹಾರಿದ, ಮುಗಿಯಿತು. ಕೆಳಗೆ ಕಾಮೆಂಟುಗಳಲ್ಲಿ ಜನ ನಗುತ್ತಿರುತ್ತಾರೆ. ನಿಧಾನ ಮಾಡಿ ನೋಡಿ. ಕಟಕಟೆಯ ಅಂಚಿಗೆ ಕಾಲಿಟ್ಟು ನಿಲ್ಲುತ್ತಾನೆ. ಚಳಿಗೆ ಅವನ ಉಸಿರು ಹೊಗೆಯಾಗಿ ಕಾಣುತ್ತದೆ. ಬಗ್ಗಿ ಕೆಳಗೆ ನೋಡುತ್ತಾನೆ. ಹಿಂದೆ ಸರಿಯುತ್ತಾನೋ ಏನೋ ಅನಿಸುತ್ತದೆ. ಮತ್ತೆ ಬಗ್ಗುತ್ತಾನೆ. ಕ್ಯಾಮೆರಾ ಕಾಯುತ್ತಿದೆ, ಜನ ಕಾಯುತ್ತಿದ್ದಾರೆ, ಅವನಿಗೆ ವಾಪಸ್ ಇಳಿಯುವ ದಾರಿ ಮುಚ್ಚಿಹೋಗಿದೆ. ಆ ಹಿಂಜರಿಕೆಯೇ ಇಡೀ ಫಿಲಂ. 24ರ ವೇಗದಲ್ಲಿ ಅದರಲ್ಲಿ ಮೂರನೇ ಒಂದು ಭಾಗ ಕದ್ದುಹೋಗುತ್ತದೆ. ಕೊನೆಯಲ್ಲಿ ಅವನು ಬಿದ್ದ ಗುಂಡಿಯ ಆಳವನ್ನು ಅಳತೆ ಕೋಲು ಇಟ್ಟು ಅಳೆಯುತ್ತಾರೆ. ನಮ್ಮ ಮನೆಯವಳು ಎದ್ದು ಅಡುಗೆಮನೆಗೆ ಹೋದಳು. ಮಕ್ಕಳಿಗೆ ತೋರಿಸಬೇಡಿ.

ವೇಗದ ವಿಷಯದಲ್ಲಿ ಇನ್ನೊಂದು. 1911ರ ಡಿಸೆಂಬರ್ 12ರ ದೆಹಲಿ ದರ್ಬಾರಿಗೆ ನಾಲ್ಕಾರು ಕಂಪನಿಗಳ ಕ್ಯಾಮೆರಾ ಬಂದಿದ್ದವು. ಚಾರ್ಲ್ಸ್ ಅರ್ಬನ್ ಕಂಪನಿಯವರು ಕೈನೆಮಾಕಲರ್ ಅನ್ನುವ ಬಣ್ಣದ ಪದ್ಧತಿಯಲ್ಲೂ ತೆಗೆದರು. ಕೆಂಪು, ಹಸಿರು ಗಾಜಿನ ಚಕ್ರ ತಿರುಗಿಸಿ, ಎರಡರಷ್ಟು ವೇಗದಲ್ಲಿ ಓಡಿಸುವ ಪದ್ಧತಿ. ಆ ಬೂತಿನ ಆಪರೇಟರನ್ನು ನೆನೆದರೆ ನನ್ನ ಕೈ ನೋಯುತ್ತದೆ. ಆ ದರ್ಬಾರಿನಲ್ಲೇ ಬರೋಡಾದ ಸಯಾಜಿರಾವ್ ಗಾಯಕವಾಡರು ಒಂದೇ ಸಲ ತಲೆ ಬಾಗಿಸಿ, ಚಕ್ರವರ್ತಿ ಐದನೇ ಜಾರ್ಜ್‌ಗೆ ಬೆನ್ನು ಹಾಕಿ ನಡೆದರು ಅಂತ ದೊಡ್ಡ ಗಲಾಟೆ ಎದ್ದಿತ್ತು. ಅದೂ ಫಿಲಂನಲ್ಲಿ ಸೆರೆಯಾಗಿತ್ತು. ವೇಗ ಹೆಚ್ಚಿಸಿ ಓಡಿಸಿದರೆ ಎಂಥ ವಿನಯವಂತನ ನಮಸ್ಕಾರವೂ ಸೊಕ್ಕಿನ ಥರ ಕಾಣುತ್ತದೆ, ಅಲ್ವಾ?

ಇನ್ನು ಸ್ವಲ್ಪ ಹಗುರದ ಮಾತು. 1922ರ "ಈವ್ಸ್ ವೈರ್‌ಲೆಸ್" ಅನ್ನುವ ತುಣುಕನ್ನು ನೀವು ವಾಟ್ಸಾಪಿನಲ್ಲಿ ನೋಡಿರಬಹುದು. "ನೂರು ವರ್ಷದ ಹಿಂದೆಯೇ ಮೊಬೈಲ್ ಇತ್ತು!" ಅಂತ ಬರುತ್ತದಲ್ಲ, ಅದೇ. ಇಬ್ಬರು ಹೆಂಗಸರು ರಸ್ತೆಯಲ್ಲಿ ಪುಟ್ಟ ಪೆಟ್ಟಿಗೆ ಹಿಡಿದು, ಅದರ ತಂತಿಯನ್ನು ಬೆಂಕಿ ಆರಿಸುವ ನೀರಿನ ಕೊಳಾಯಿಗೆ ಕಟ್ಟಿ, ಛತ್ರಿ ಬಿಚ್ಚಿ, ಕೇಳುವ ಸಾಧನವನ್ನು ಕಿವಿಗೆ ಇಟ್ಟುಕೊಳ್ಳುತ್ತಾರೆ. ಮೊಬೈಲೂ ಇಲ್ಲ ಮಣ್ಣೂ ಇಲ್ಲ. ಅದು ರೇಡಿಯೋ. ಕೊಳಾಯಿಗೆ ಕಟ್ಟಿದ್ದು ಅರ್ತ್, ಛತ್ರಿಯಲ್ಲಿರುವುದು ಏರಿಯಲ್. ನಮ್ಮ ಕಡೆ ವಾಲ್ವ್ ರೇಡಿಯೋ ಇಟ್ಟವರು ಮಾಳಿಗೆ ಮೇಲೆ ಏರಿಯಲ್ ಕಟ್ಟಿ, ಇನ್ನೊಂದು ತಂತಿಯನ್ನು ಬಚ್ಚಲ ಹತ್ತಿರ ಒದ್ದೆ ಮಣ್ಣಿಗೆ ಹೂಳುತ್ತಿದ್ದರು, ನೆನಪಿದೆಯಾ? ಅದೇ ಕೆಲಸ. ಬಿಬಿಸಿ ಪ್ರಸಾರ ಶುರು ಮಾಡಿದ್ದೂ 1922ರ ನವೆಂಬರ್‌ನಲ್ಲಿ. ಅಂದರೆ ರೇಡಿಯೋ ಅನ್ನುವುದೇ ಆಗ ಕಣ್ಣರಳಿಸಿ ನೋಡುವ ಹೊಸ ಸಾಮಾನು.

ಇದು "ಈವ್ಸ್ ಫಿಲಂ ರಿವ್ಯೂ" ಅಂತ ಪಾಥೆಯವರು 1921ರಿಂದ ಹೆಂಗಸರಿಗೆಂದೇ ತೆಗೆಯುತ್ತಿದ್ದ ವಾರಪತ್ರಿಕೆಯಂಥ ರೀಲು. ಬಟ್ಟೆ, ಕೂದಲು, ಮನೆಗೆ ಬಂದ ಹೊಸ ಯಂತ್ರ, ಹೆಂಗಸರು ಮಾಡುವ ವಿಚಿತ್ರ ಕೆಲಸಗಳು. ಈ ತುಣುಕಿನ ಮಧ್ಯೆ ಬರುವ ಬರಹದ ಕಾರ್ಡೊಂದರಲ್ಲಿ, ಇದನ್ನು ಗಂಡನೂ ಹೊತ್ತು ತಿರುಗುವಂತಾದರೆ ಅವನ ಪಾಡೇನು ಅಂತ ತಮಾಷೆ ಮಾಡಿದ್ದಾರೆ. "ನೂರು ವರ್ಷದ ಹಿಂದೆಯೇ ನಿಮ್ಮ ಕಥೆ ಬರೆದಿದ್ದಾರೆ ನೋಡಿ" ಅಂದಳು ನಮ್ಮವಳು. ಇಡೀ ಚಾನೆಲ್‌ನಲ್ಲಿ ಅವಳಿಗೆ ಹಿಡಿಸಿದ್ದು ಈವ್ ರೀಲುಗಳೇ. ಮೊಮ್ಮಗಳಿಗೆ ಹಿಡಿಸಿದ್ದು ಫುಟ್‌ಬಾಲ್. ಪ್ರೆಸ್ಟನ್ ಊರಿನ ಡಿಕ್ ಕೆರ್ ಕಾರ್ಖಾನೆಯ ಹೆಣ್ಣುಮಕ್ಕಳು, ಮೊದಲ ಮಹಾಯುದ್ಧದಲ್ಲಿ ಮದ್ದುಗುಂಡು ಮಾಡುತ್ತಿದ್ದವರು, ತಂಡ ಕಟ್ಟಿ ಆಡಿದ್ದು. 1920ರ ಡಿಸೆಂಬರ್ 26ರಂದು ಲಿವರ್‌ಪೂಲಿನಲ್ಲಿ ಅವರ ಆಟ ನೋಡೋಕೆ 53,000 ಜನ ಸೇರಿದ್ದರು. ಮರುವರ್ಷವೇ ಹೆಂಗಸರು ತನ್ನ ಕೈಕೆಳಗಿನ ಕ್ಲಬ್ಬುಗಳ ಮೈದಾನದಲ್ಲಿ ಆಡಬಾರದು ಅಂತ ಅಲ್ಲಿನ ಫುಟ್‌ಬಾಲ್ ಸಂಘ ಹೇಳಿಬಿಟ್ಟಿತು. ಇದನ್ನು ಹೇಳಿದ ಮೇಲೆ ಅವಳು ಇನ್ನೊಂದು ಸಲ ಹಾಕಿಸಿಕೊಂಡು ನೋಡಿದಳು.

1913ರ ಜೂನ್ 4ರ ಎಪ್ಸಮ್ ಡರ್ಬಿ ಕುದುರೆ ರೇಸು ನೋಡಲೇಬೇಕು. ಹೆಂಗಸರ ವೋಟಿನ ಹಕ್ಕಿಗಾಗಿ ಹೋರಾಡುತ್ತಿದ್ದ ಎಮಿಲಿ ಡೇವಿಸನ್ ಓಡುವ ಕುದುರೆಗಳ ಮಧ್ಯೆ ನುಗ್ಗಿ, ದೊರೆಯ ಕುದುರೆ ಆನ್ಮರ್‌ಗೆ ಸಿಕ್ಕಿ ಬಿದ್ದದ್ದು. ನಾಲ್ಕು ದಿನಕ್ಕೆ ತೀರಿಕೊಂಡರು. ಕುದುರೆ ಎದ್ದು ಹೋಗುತ್ತದೆ, ಜನ ಮೈದಾನಕ್ಕೆ ನುಗ್ಗುತ್ತಾರೆ. ಅದೇ 1913ರಲ್ಲಿ ನಮ್ಮ ಕೋಲಾರಕ್ಕೆ ಬೌರಿಂಗ್‌ಪೇಟೆಯಿಂದ (ಈಗಿನ ಬಂಗಾರಪೇಟೆ) ಪುಟ್ಟ ಗೇಜಿನ ರೈಲು ಬಂತು. ಇಂಥ ಲೆಕ್ಕ ಹಾಕುತ್ತಾ ನೋಡುವುದು ನನಗೊಂದು ಚಟ. ಇಂಗ್ಲೆಂಡಿನ ರಸ್ತೆಗಳಲ್ಲಿ ಇನ್ನೂ ಕುದುರೆ ಲದ್ದಿ ಬಿದ್ದಿರುವ ತುಣುಕು ಕಂಡರೆ, ನಮ್ಮ ಕೆಜಿಎಫ್ ಗಣಿಗೆ ಶಿವನಸಮುದ್ರದಿಂದ 1902ರಲ್ಲೇ ಕರೆಂಟು ಬಂದಿತ್ತಲ್ಲ ಅಂತ ಸ್ವಲ್ಪ ಜಂಬವೂ ಬರುತ್ತದೆ.

ನನ್ನ ಸಲಹೆ ಇಷ್ಟು. ದೊರೆಯನ್ನು ನೋಡಬೇಡಿ, ಅಂಚನ್ನು ನೋಡಿ. ನ್ಯೂಸ್ ರೀಲಿನ ಕ್ಯಾಮೆರಾ ದೊಡ್ಡವರಿಗಾಗಿ ಬಂದದ್ದು. ಆದರೆ ಮೂಲೆಯಲ್ಲಿ ಸಿಕ್ಕಿಬಿದ್ದವರು ಬೇರೆಯವರು. ಕ್ಯಾಮೆರಾ ಕಂಡು ಕೆಲಸ ಮರೆತು ನಿಂತ ಹುಡುಗ. ಟೋಪಿ ಸರಿಮಾಡಿಕೊಳ್ಳುವ ಹಾಲಿನವನು. ಹುಡುಗರನ್ನು ತಳ್ಳುವ ಪೊಲೀಸ್. ಆಗ ತಲೆಗೆ ಏನೂ ಇಲ್ಲದೆ ಬೀದಿಗೆ ಬಂದವರೇ ಅಪರೂಪ, ಅದನ್ನೂ ಗಮನಿಸಿ.

ಇದೇ ರುಚಿ ಹತ್ತಿದರೆ ಪಾಥೆ ಬಿಟ್ಟು ಇನ್ನೆರಡು ಕಡೆ ಹೋಗಿ. ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋದ ಮಾರ್ಕೆಟ್ ಸ್ಟ್ರೀಟಿನಲ್ಲಿ ಟ್ರಾಮಿನ ಮುಂದೆ ಕ್ಯಾಮೆರಾ ಇಟ್ಟು ತೆಗೆದದ್ದೊಂದಿದೆ. 1906ರ ಏಪ್ರಿಲ್ 18ರ ಭೂಕಂಪಕ್ಕೆ ಕೆಲವೇ ದಿನ ಮೊದಲು ತೆಗೆದದ್ದು ಅಂತ ರಸ್ತೆಯ ನೀರಿನ ಗುಂಡಿ, ಕಾರಿನ ನಂಬರ್ ಪ್ಲೇಟು ನೋಡಿ ಕಂಡುಹಿಡಿದರು. ಕಾರು ಜಾಸ್ತಿ ಕಾಣಲಿ ಅಂತ ಅದೇ ಕಾರುಗಳು ಸುತ್ತಿ ಸುತ್ತಿ ಬರುತ್ತವೆ. ಇನ್ನೊಂದು ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್ ಊರಿನ ಮಿಚೆಲ್ ಮತ್ತು ಕೆನ್ಯನ್ ಅವರದು. ಕಾರ್ಖಾನೆ ಗೇಟಿನ ಮುಂದೆ ಕ್ಯಾಮೆರಾ ಇಟ್ಟು, ಶಿಫ್ಟ್ ಬಿಟ್ಟು ಹೊರಬರುವವರನ್ನು ತೆಗೆದು, ಅವರಿಗೇ ಜಾತ್ರೆಯಲ್ಲಿ ಟಿಕೆಟ್ ಮಾರಿ ತೋರಿಸುತ್ತಿದ್ದರು. ಎಂಥ ಬುದ್ಧಿವಂತ ವ್ಯಾಪಾರ! ಅವರ 800ರಷ್ಟು ನೆಗೆಟಿವ್ ರೀಲುಗಳು 1994ರಲ್ಲಿ ಒಂದು ಅಂಗಡಿಯ ನೆಲಮಾಳಿಗೆಯಲ್ಲಿ, ಡ್ರಮ್ಮುಗಳೊಳಗೆ ಸಿಕ್ಕವು. ನಮ್ಮ ಕೆಜಿಎಫ್‌ನ ಚಾಂಪಿಯನ್ ರೀಫ್ ಚಿನ್ನದ ಗಣಿಯ ಗೇಟಿನ ಮುಂದೆ ಯಾರಾದರೂ ಹೀಗೆ ಕ್ಯಾಮೆರಾ ಇಟ್ಟಿದ್ದರೆ ಅನ್ನಿಸುತ್ತದೆ. ನಾನು ಹುಡುಕಿದೆ, ನನಗೆ ಸಿಗಲಿಲ್ಲ.

ಚಿನ್ನದ ಗಣಿ ಅಂದೆನಲ್ಲ, ಕೆನಡಾದ ಡಾಸನ್ ಸಿಟಿಯ ಕಥೆ ಹೇಳದೆ ಮುಂದೆ ಹೋಗಲಾರೆ. ಅದೂ ಚಿನ್ನದ ಆಸೆಗೆ ಹುಟ್ಟಿದ ಊರು. ಫಿಲಂ ಹಂಚುವವರ ದಾರಿಯಲ್ಲಿ ಕಟ್ಟಕಡೆಯ ಊರು. ಊರೂರು ಸುತ್ತಿ ಅಲ್ಲಿಗೆ ಹೋದ ಡಬ್ಬಗಳು ವಾಪಸ್ ಬರುತ್ತಿರಲಿಲ್ಲ, ಸಾಗಿಸುವ ಖರ್ಚು ಯಾರಿಗೂ ಬೇಕಿರಲಿಲ್ಲ. ಡಬ್ಬಗಳು ರಾಶಿ ಬಿದ್ದವು. 1929ರಲ್ಲಿ ಹಳೇ ಈಜುಕೊಳ ಮುಚ್ಚುವಾಗ ಮಣ್ಣಿನ ಜೊತೆ ಅವನ್ನೂ ತುಂಬಿಬಿಟ್ಟರು. 1978ರಲ್ಲಿ ನೆಲ ಅಗೆದಾಗ 533 ರೀಲು ಹೊರಬಂದವು, ಅದರಲ್ಲಿ ನ್ಯೂಸ್ ರೀಲುಗಳೂ ಇದ್ದವು. ನೆಲದೊಳಗಿನ ಹಿಮದ ಚಳಿಗೆ ಅವು ಉಳಿದವು. ನಮ್ಮ ಬಿಸಿಲಿಗಾದರೆ?

ಆ ಕಾಲದ ಫಿಲಂ ನೈಟ್ರೇಟ್. ಕಿಡಿ ತಗುಲಿದರೆ ಸಾಕು, ನೀರಲ್ಲಿ ಮುಳುಗಿಸಿದರೂ ಉರಿಯುತ್ತದೆ. 1950ರ ದಶಕದ ಶುರುವಿನಲ್ಲಿ ಅದನ್ನು ಮಾಡುವುದನ್ನೇ ಬಿಟ್ಟರು. ನನಗೆ ಕೆಲಸ ಕಲಿಸಿದ ಮೇಸ್ಟ್ರು ಅದನ್ನು ಓಡಿಸಿದ್ದವರು. "ಲೋ, ಫಿಲಂ ಅಂಚಲ್ಲಿ ಸೇಫ್ಟಿ ಅಂತ ಬರೆದಿದೆ ನೋಡು, ಅದನ್ನ ನೋಡಿ ದಿನಾ ಕೈ ಮುಗಿ" ಅನ್ನುತ್ತಿದ್ದರು. ಸೇಫ್ಟಿ ಅಂದರೆ ನೈಟ್ರೇಟಿನ ಹಾಗೆ ಭಗ್ಗನೆ ಉರಿಯದ ಫಿಲಂ. ಮರಳಿನ ಬಕೆಟ್ಟನ್ನು ಕಾಲಿಗೆ ತಾಗುವಷ್ಟು ಹತ್ತಿರ ಇಟ್ಟುಕೊಂಡೇ ಕೂರುತ್ತಿದ್ದರು.

ಕೊರತೆಗಳನ್ನೂ ಹೇಳಬೇಕಲ್ಲ. 5ಕ್ಕೆ 4 ಸ್ಟಾರ್ ಕೊಡುತ್ತೇನೆ. ಮೂಕಿ ತುಣುಕಿನಲ್ಲಿ ಮಾತೇ ಇಲ್ಲ, ಹಾಗಾಗಿ ಯೂಟ್ಯೂಬಿನ ತಾನಾಗೇ ಬರುವ ಸಬ್‌ಟೈಟಲ್ ಇಲ್ಲಿ ಕೆಲಸಕ್ಕೆ ಬಾರದು. ಮಧ್ಯೆ ಬರುವ ಕಾರ್ಡುಗಳು ಇಂಗ್ಲಿಷಿನಲ್ಲಿವೆ. ಅಲ್ಲಿ ನಿಲ್ಲಿಸಿ, ಮೊಬೈಲಿನ ಗೂಗಲ್ ಲೆನ್ಸ್ ಹಿಡಿದರೆ ಹರಕುಮುರುಕು ಕನ್ನಡದಲ್ಲಿ ಓದಿ ಹೇಳುತ್ತದೆ, ಸಾಕು. ಕೆಲವು ತುಣುಕಿಗೆ ಇಸವಿ ಗೊತ್ತಿಲ್ಲದೆ 1910–1919 ಅಂತ ಹತ್ತು ವರ್ಷ ಸೇರಿಸಿ ಬರೆದಿರುತ್ತಾರೆ. ಕೆಳಗಿನ ವಿವರಣೆಯಲ್ಲಿ ಯಾವ ದೃಶ್ಯದಲ್ಲಿ ಏನಿದೆ ಅಂತ ಸಾಲಾಗಿ ಇರುತ್ತದೆ, ಅದು ಒಳ್ಳೆಯದು. ಅಲ್ಲೇ ಫ್ರೇಮಿನ ವೇಗವೂ ಇದ್ದಿದ್ದರೆ ನಾನು ಐದನೇ ಸ್ಟಾರ್ ಹಾಕುತ್ತಿದ್ದೆ.

ಇದೇ ತುಣುಕುಗಳನ್ನು ಎತ್ತಿಕೊಂಡು, ಬಣ್ಣ ಬಳಿದು, ಕುದುರೆ ಟಪಟಪ, ಜನರ ಗದ್ದಲ ಎಲ್ಲ ಸೇರಿಸಿ ಹಾಕುವ ಬೇರೆ ಚಾನೆಲ್‌ಗಳು ಎಷ್ಟೋ ಇವೆ. ಫೋನ್‌ನಲ್ಲಿ ಜಾಸ್ತಿ ಕಣ್ಣಿಗೆ ಬೀಳುವುದೂ ಅವೇ. ದಯವಿಟ್ಟು ಬೇಡ. ಆ ಹೆಂಗಸಿನ ಲಂಗ ನೀಲಿಯೋ ಕಂದೋ ಕಂಪ್ಯೂಟರಿಗೆ ಹೇಗೆ ಗೊತ್ತು? ಮಧ್ಯದ ಫ್ರೇಮುಗಳನ್ನೂ ಅದೇ ಹುಟ್ಟಿಸಿ ಸೇರಿಸುತ್ತದೆ. ಕೈ ಮುಖದ ಮುಂದೆ ಬಂದಾಗ ಬೆರಳು ಕರಗಿಹೋಗುವುದನ್ನು ನಾನೇ ನೋಡಿದ್ದೇನೆ.

ಶುರು ಮಾಡುವವರು ಈವ್ ರೀಲಿನಿಂದ ಶುರು ಮಾಡಿ, ಡರ್ಬಿ ಆಮೇಲೆ, ದರ್ಜಿ ಕೊನೆಗೆ. ಸೌಂಡ್ ಪೂರ್ತಿ ಇಳಿಸಿ. ಮೊಬೈಲಿಗಿಂತ ಟಿವಿ ವಾಸಿ. ಡೇಟಾ ಉಳಿಸೋಕೆ ಅಂತ ಕ್ವಾಲಿಟಿ 240ಕ್ಕೆ ಇಳಿಸಿದರೆ ಮೊದಲು ಅಳಿಸಿಹೋಗುವುದು ಅಂಚಿನಲ್ಲಿ ನಿಂತವರ ಮುಖಗಳೇ, 480ಕ್ಕಿಂತ ಕೆಳಗೆ ಹೋಗಬೇಡಿ.